ಸೊಪ್ಪಿನ ಕಾಲದಲ್ಲಿ ನಾನು ದೆವ್ವವಾಗಿದ್ದು

ಮೊನ್ನೆ ಹುಣಸೂರಿಗೆ ಹೋಗಿ ಲೈನಿಂಗ್ ಬಟ್ಟೆ, ನೂಲು, ಹುಕ್ಕು ಎಲ್ಲ ತಗೊಂಡು ಹನಗೋಡಿನ ಬಸ್ಸಿನಲ್ಲಿ ಕಿಟಕಿ ಪಕ್ಕ ಕೂತಿದ್ದೆ. ಊರು ದಾಟಿ ಸ್ವಲ್ಪ ದೂರ ಬಂದಿರಬೇಕು, ಈ ವರ್ಷದ ಮೊದಲ ಬ್ಯಾರನ್ನಿನ ವಾಸನೆ ಒಳಗೆ ಬಂತು. ಹೊಗೆಸೊಪ್ಪು ಬೇಯುವ ವಾಸನೆ ಗೊತ್ತಿಲ್ಲದವರಿಗೆ ಬರೀ ಘಾಟು. ಪಕ್ಕದಲ್ಲಿದ್ದ ಟೀಚರಮ್ಮ ಸೆರಗನ್ನು ಮೂಗಿಗೆ ಒತ್ತಿಕೊಂಡು ಕಿಟಕಿ ಹಾಕಿ ಅಂದರು. ಸಿಕ್ಕಿಹಾಕಿಕೊಂಡಿದೆ ಮೇಡಂ ಅಂತ ಸುಳ್ಳು ಹೇಳಿ, ಅವರು ಆ ಕಡೆ ತಿರುಗಿದಾಗ ಇನ್ನಷ್ಟು ತೆರೆದೆ. ಹಸಿ ಸೊಪ್ಪು ಹಳದಿಗೆ ತಿರುಗುವ ಹೊತ್ತಿನಲ್ಲಿ ಆ ಘಾಟಿನ ಒಳಗೊಂದು ಸಿಹಿ ಇರುತ್ತದೆ. ಅದು ಮೂಗಿಗೆ ಬಿದ್ದರೆ ನನಗೆ ಒಂದು ದೆವ್ವದ ನೆನಪಾಗುತ್ತದೆ. ಯಾವ ದೆವ್ವ ಅಂತೀರಾ, ನಾನೇ.

ದೆವ್ವದ ಸಿನಿಮಾ ಅಂದರೆ ನನಗೆ ಚಿಕ್ಕಂದಿನಿಂದಲೂ ಪ್ರಾಣ. ಗಾವಡಗೆರೆ ಹತ್ತಿರದ ನನ್ನ ತವರಿನಲ್ಲಿ ಟಿವಿ ಇದ್ದಿದ್ದು ಒಂದೇ ಮನೆಯಲ್ಲಿ. ದೆವ್ವ ಬರುವ ಹೊತ್ತಿಗೆ ಉಳಿದ ಮಕ್ಕಳೆಲ್ಲ ಕಂಬಳಿ ಎಳೆದುಕೊಂಡರೆ ನಾನು ಮಾತ್ರ ಟಿವಿ ಮುಂದಕ್ಕೆ ಜರುಗುತ್ತಿದ್ದೆ. ಮದುವೆಯಾಗಿ ಹನಗೋಡಿನ ಪಕ್ಕದ ಈ ಊರಿಗೆ ಬಂದು ಟೈಲರಿಂಗ್ ಅಂಗಡಿ ಇಟ್ಟಮೇಲೂ ಆ ಹುಚ್ಚು ಬಿಡಲಿಲ್ಲ. ಮಿಷನ್ನಿನ ಮುಂದೆ ನೂಲಿನ ಡಬ್ಬಕ್ಕೆ ಮೊಬೈಲು ಒರಗಿಸಿ, ಕಿವಿಗೆ ವೈರು ಸಿಕ್ಕಿಸಿಕೊಂಡು, ಕಾಲು ತುಳಿಯುತ್ತ, ಕತ್ತು ತಿರುಗಿಸುವ ಹೆಂಗಸರನ್ನೂ ಗೋಡೆ ಹತ್ತುವ ಮುದುಕಿಯರನ್ನೂ ನೋಡುತ್ತಿದ್ದೆ. ರವಿಕೆ ಅಳತೆ ಕೊಡಲು ಬಂದವರು ನನ್ನ ಮೊಬೈಲು ನೋಡಿ ಬೆಚ್ಚಿಬಿದ್ದರೆ ಅಳತೆ ತಪ್ಪುತ್ತಿತ್ತು, ಅಷ್ಟೇ ತೊಂದರೆ.

ಹಾಗೆ ಹುಡುಕುವಾಗ ಸಿಕ್ಕಿದ್ದು ಕಿರಣನ ಸಿನಿಮಾಗಳು. ಕೆ.ಆರ್. ನಗರದ ಹುಡುಗ. ಮದುವೆ ವಿಡಿಯೊ ತೆಗೆಯುವುದು ಕಸುಬು. ಮದುವೆ ಇಲ್ಲದ ತಿಂಗಳಲ್ಲಿ ಅದೇ ಕ್ಯಾಮೆರಾದಲ್ಲಿ ದೆವ್ವದ ಸಿನಿಮಾ ಮಾಡಿ ಇಂಟರ್ನೆಟ್ಟಿಗೆ ಹಾಕುತ್ತಿದ್ದ. ಲೈಟು ಇಲ್ಲ, ಸೆಟ್ಟು ಇಲ್ಲ, ಅವನ ದೆವ್ವಗಳು ಹೆಚ್ಚಾಗಿ ಬೆಳಿಗ್ಗೆ ತಿಂಡಿ ಆದಮೇಲೆ ಬರುತ್ತಿದ್ದವು. ಆದರೂ ಅವನಿಗೆ ಹೆದರಿಸುವುದರಲ್ಲಿ ನಿಜವಾದ ಪ್ರೀತಿ ಇತ್ತು. ಪ್ರೀತಿ ಇದ್ದವನನ್ನು ಬೈಯಬಹುದು ಅಂತ ನಾನು ಪ್ರತಿ ಸಿನಿಮಾದ ಕೆಳಗೂ ಬರೆಯುತ್ತಿದ್ದೆ. ದೆವ್ವದ ರವಿಕೆ ಭುಜದಲ್ಲಿ ಕೂತಿಲ್ಲ. ದೆವ್ವದ ಸೀರೆಗೆ ಹೊಸ ಫಾಲ್ಸ್ ಕಾಣುತ್ತಿದೆ. ಎಲ್ಲ ದೆವ್ವಕ್ಕೂ ಬಿಳಿ ಸೀರೆ ಯಾಕೆ, ನಮ್ಮ ಕಡೆ ಮುತ್ತೈದೆ ಸತ್ತರೆ ಹಸಿರು ಸೀರೆ ಉಡಿಸಿ, ಹಣೆ ತುಂಬ ಕುಂಕುಮ ಇಟ್ಟು, ಹಸಿರು ಬಳೆ ತೊಡಿಸಿ ಕಳಿಸುತ್ತಾರೆ, ಅವಳು ದಾರಿಯಲ್ಲಿ ಎಲ್ಲಿ ಸೀರೆ ಬದಲಾಯಿಸಿದಳು?

ಒಂದು ದಿನ ಅಂಗಡಿ ಮುಂದೆ ಬೈಕು ನಿಂತಿತು. ತೆಳ್ಳಗಿನ ಹುಡುಗ, ಬೆನ್ನಿಗೆ ಕ್ಯಾಮೆರಾ ಬ್ಯಾಗು.

"ಭಾಗ್ಯಕ್ಕ ಅಂದ್ರೆ ನೀವೇನಾ? ಹಸಿರು ಸೀರೆ ಬಗ್ಗೆ ಬರ್ದಿದ್ರಲ್ಲ, ಅದು ನನ್ನ ತಲೇಲೇ ಕೂತ್ಬಿಟ್ಟಿದೆ ಕಣಕ್ಕ. ಕತೆ ಮಾಡಿದೀನಿ. ನಿಮ್ಮೂರ ಬ್ಯಾರನ್ನಲ್ಲೇ ಶೂಟಿಂಗು. ನೀವು ಸೀರೆ, ರವಿಕೆ ರೆಡಿ ಮಾಡ್ಕೊಡಿ."

ಬ್ಯಾರನ್ ಅಂದರೆ ಸೊಪ್ಪು ಬೇಯಿಸುವ ಮನೆ. ಎರಡಾಳೆತ್ತರ, ಕಿಟಕಿ ಇಲ್ಲ, ಒಳಗೆ ಅಟ್ಟಣಿಗೆಯ ಹಾಗೆ ಅಡ್ಡ ಗಳುಗಳು. ಕಡ್ಡಿಗೆ ಕಟ್ಟಿದ ಸೊಪ್ಪನ್ನು ಆ ಗಳುಗಳ ಮೇಲೆ ನೇತುಹಾಕಿ ಕೆಳಗೆ ಬೆಂಕಿ ಕೊಡುತ್ತಾರೆ. ಬಾಗಿಲು ಎಳೆದುಕೊಂಡರೆ ಹಗಲು ಹನ್ನೆರಡಕ್ಕೂ ಒಳಗೆ ಕಗ್ಗತ್ತಲು. ಲೈಟಿಗೆ ಗತಿಯಿಲ್ಲದ ನಿರ್ದೇಶಕನಿಗೆ ಅದಕ್ಕಿಂತ ಭಾಗ್ಯ ಬೇಕೇ? ನಮ್ಮೆಜಮಾನರು ಶಿವಣ್ಣನವರು ಯಾರಿಗೂ ಇಲ್ಲ ಅನ್ನಲಾರದ ಮನುಷ್ಯ, ನಮ್ಮ ಬ್ಯಾರನ್ ಕೊಡಲು ಹೂಂ ಅಂದುಬಿಟ್ಟರು. ಒಂದೇ ಷರತ್ತು. ಬೆಂದ ಸೊಪ್ಪು ಇಳಿಸಿ, ಇನ್ನೊಂದು ಸಲ ಹಸಿ ಸೊಪ್ಪು ಏರಿಸುವ ನಡುವೆ ಬ್ಯಾರನ್ ಖಾಲಿ ಇದ್ದಾಗ ಮಾತ್ರ ಶೂಟಿಂಗು. ಹೀಗಾಗಿ ಆ ಸಿನಿಮಾದ ವೇಳಾಪಟ್ಟಿ ಬರೆದಿದ್ದು ನಮ್ಮ ಹೊಲದ ಸೊಪ್ಪು.

ದೆವ್ವದ ಪಾತ್ರಕ್ಕೆ ಮೈಸೂರಿನಿಂದ ಒಬ್ಬ ಹುಡುಗಿ ಬಂದಿದ್ದಳು. ಒಳ್ಳೆಯ ಹುಡುಗಿ, ನಾಟಕ ಮಾಡಿದ್ದವಳು. ಆಷಾಢದ ಜಿಟಿಜಿಟಿ ಮಳೆ. ಕಿರಣ ಅವಳನ್ನು ಬ್ಯಾರನ್ ಒಳಗೆ ನಿಲ್ಲಿಸಿ ಬಾಗಿಲು ಹಾಕಿದ. ಹಿಂದಿನ ದಿನವಷ್ಟೇ ಸೊಪ್ಪು ಇಳಿಸಿದ್ದ ಮನೆ, ಗೋಡೆಯಿಂದ ಇನ್ನೂ ಕಾವು, ಘಾಟು ಬರುತ್ತಿತ್ತು. ಸ್ವಲ್ಪ ಹೊತ್ತಿಗೆ ದೆವ್ವ ಬಾಗಿಲು ನೂಕಿಕೊಂಡು ಹೊರಗೆ ಬಂದು ಬೇಲಿ ಪಕ್ಕ ಕೂತು ವಾಂತಿ ಮಾಡಿತು. ಸೊಪ್ಪಿನ ಅಮಲನ್ನು ಹೊಸಬರು ತಡೆಯಲಾರರು. ನಾನು ಮಜ್ಜಿಗೆ ಕುಡಿಸಿ, ಬೆನ್ನು ನೀವಿ, ಮಧ್ಯಾಹ್ನದ ಬಸ್ಸಿಗೆ ಹತ್ತಿಸಿದೆ. ವಾಪಸು ಬಂದರೆ ಕಿರಣ ಬ್ಯಾರನ್ ಮೆಟ್ಟಿಲ ಮೇಲೆ ತಲೆ ಮೇಲೆ ಕೈಹೊತ್ತು ಕೂತಿದ್ದ. ನನ್ನ ಕಡೆ ನೋಡಿದ. ನನ್ನ ತೋಳಿನ ಮೇಲಿದ್ದ ಹಸಿರು ಸೀರೆ ನೋಡಿದ.

"ಅಕ್ಕಾ, ರವಿಕೆ ಯಾರ ಅಳತೆಗೆ ಹೊಲ್ದ್ರಿ?"

ಅವಳ ಅಳತೆ ಅವನು ಫೋನಿನಲ್ಲಿ ಅಂದಾಜಿಗೆ ಹೇಳಿದ್ದ. ನಾನು ನಂಬದೆ ನನ್ನ ಮೈಗೇ ಹಿಡಿದು ನೋಡಿ ಹೊಲಿದಿದ್ದೆ. ಅದನ್ನು ಹೇಳುತ್ತಲೇ ಸೀರೆಯನ್ನು ನನ್ನ ಹೆಗಲಿಗೇರಿಸಿ ನೋಡಿಕೊಂಡೆ. ಇಷ್ಟು ವರ್ಷ ನೋಡುವವಳಾಗಿದ್ದೆ. ಒಂದು ಸಲ, ಒಂದೇ ಒಂದು ಸಲ, ನನ್ನನ್ನು ನೋಡಿ ಯಾರಾದರೂ ಕಂಬಳಿ ಎಳೆದುಕೊಳ್ಳಬೇಕು ಅನ್ನುವ ಆಸೆ ಎಲ್ಲಿತ್ತೋ ಏನೋ, ಎದ್ದು ಕೂತಿತು.

ನಮ್ಮತ್ತೆ ಚಿಕ್ಕತಾಯಮ್ಮ ಆಗ ಜಗಲಿಯ ಮೇಲೆ ಸೊಪ್ಪು ಕಟ್ಟುತ್ತಿದ್ದರು. ವಿಷಯ ಕೇಳಿ ಕೈ ನಿಲ್ಲಿಸಿದರು.

"ದೆವ್ವ ಅಂದ್ರೆ ಸಾಯೋದೂ ಐತೇನು ಅದ್ರಲ್ಲಿ?"

"ಒಂದು ಸೀನ್ ಐತೆ ಅತ್ತೆ. ಕೊನೇಗೆ ತೆಗೀತಾರಂತೆ."

"ಬದ್ಕಿರೋ ಮುತ್ತೈದೆ ಅಸ್ರು ಸೀರೆ ಉಟ್ಕೊಂಡು ಎಣ ಆಗಿ ಮಲಗ್ತಾಳಂತಾ? ಏನು ಕಾಲ ಬಂತವ್ವ!"

ಅಷ್ಟು ಹೇಳಿ ಸೊಪ್ಪಿನ ಕಡೆ ತಿರುಗಿದವರು ಅವತ್ತಿನಿಂದ ನನ್ನ ಹತ್ತಿರ ಮಾತು ಬಿಟ್ಟರು. ಜಗಳವೇನೂ ಇಲ್ಲ. ನಾನು ಎದುರಿಗೇ ನಿಂತಿದ್ದರೂ ಮಗನಿಗೆ ಹೇಳುತ್ತಿದ್ದರು: "ಸಾರು ಒಲೆ ಮೇಲದೆ ಅಂತ ಏಳ್ಲಾ ಅವಳಿಗೆ." ಮಗ ಇಲ್ಲದಿದ್ದರೆ ಹಸುವಿಗೆ ಹೇಳುತ್ತಿದ್ದರು. ನಮ್ಮ ಹಸುವಿಗೆ ಆ ಮಳೆಗಾಲದಲ್ಲಿ ಮನೆಯ ಸಮಾಚಾರವೆಲ್ಲ ಗೊತ್ತಿತ್ತು.

ಅವರ ಭಯ ಎಲ್ಲಿಂದ ಬಂತು ಅಂತ ನಮ್ಮ ಮನೆಯಲ್ಲಿ ಎಲ್ಲರಿಗೂ ಗೊತ್ತು, ಯಾರೂ ಬಾಯಿಬಿಟ್ಟು ಹೇಳುವುದಿಲ್ಲ. ನಮ್ಮೆಜಮಾನರಿಗೆ ಜಯ ಅಂತ ಒಬ್ಬಳು ಅಕ್ಕ ಇದ್ದಳು. ಪಿರಿಯಾಪಟ್ಟಣದ ಕಡೆ ಕೊಟ್ಟಿದ್ದರು. ಮದುವೆಯಾಗಿ ಎರಡನೇ ವರ್ಷಕ್ಕೆ ಜ್ವರ ಬಂದು ತೀರಿಕೊಂಡಳು. ನಾನು ಅವಳನ್ನು ನೋಡಿದ್ದು ಫೋಟೋದಲ್ಲಿ ಮಾತ್ರ. ಅತ್ತೆ ಅವಳ ಹೆಸರು ಹೇಳಿ ಅತ್ತಿದ್ದನ್ನು ನಾನು ಸೊಸೆಯಾಗಿ ಬಂದಮೇಲೆ ಒಂದು ಸಲವೂ ಕೇಳಿರಲಿಲ್ಲ. ನನ್ನನ್ನು ಒಳ್ಳೆಯವಳು ಅಂದಿದ್ದೂ ಕೇಳಿರಲಿಲ್ಲ. ಒಳ್ಳೆ ಮಾತು ಆಡುವುದು ಅವರ ಜಾಯಮಾನದಲ್ಲೇ ಇಲ್ಲ, ತಟ್ಟೆಗೆ ಇನ್ನೊಂದು ಮುದ್ದೆ ಇಟ್ಟರೆ ಅದೇ ಮಾತು.

ದೆವ್ವವಾಗುವುದು ನಾನು ಅಂದುಕೊಂಡಷ್ಟು ಸುಲಭವಿರಲಿಲ್ಲ. ಕಿರಣ ಬೆಲ್ಲದ ಪಾಕಕ್ಕೆ ಕೆಂಪು ಬಣ್ಣ ಕಲಸಿ ರಕ್ತ ಮಾಡಿದ್ದ. ಬಾಯಿಂದ ಇಳಿಬಿಟ್ಟುಕೊಂಡು ನಿಂತರೆ ಕ್ಯಾಮೆರಾ ಶುರುವಾಗುವ ಮೊದಲೇ ನೊಣ ಮುತ್ತುತ್ತಿತ್ತು. ಇನ್ನು ನಗು. ದೆವ್ವ ಅಂದಮೇಲೆ ಹಹಹ ಅಂತ ನಗಬೇಕಲ್ಲ, ನಮ್ಮ ಬಾಯಿಗೆ ಹಕಾರ ಹತ್ತುವುದೇ ಇಲ್ಲ.

"ಅಕ್ಕಾ, ಹ ಬರ್ಲಿ. ಹ! ಹಹಹ!"

"ಅದನ್ನೇ ಕಣಪ್ಪ ನಾನೂ ಅಂತಿರೋದು. ಅಅಅ!"

"ಅದು ನಗು ಅಲ್ಲಕ್ಕ, ಹಲ್ಲು ನೋವು."

ಕೊನೆಗೆ ನಗದ ದೆವ್ವ ಅಂತ ಕತೆ ತಿದ್ದಿದ.

ಅದಕ್ಕಿಂತ ದೊಡ್ಡ ಕಷ್ಟವೆಂದರೆ ನನ್ನನ್ನು ಕಂಡು ಯಾರೂ ಹೆದರುತ್ತಿರಲಿಲ್ಲ. ಕಣ್ಣಿಗೆ ಕಾಡಿಗೆ ಬಳಿದು, ಮುಖಕ್ಕೆ ಬೂದಿ ಹಚ್ಚಿ, ಕೂದಲು ಕೆದರಿ, ಬ್ಯಾರನ್ ಬಾಗಿಲಿನಿಂದ ನಿಧಾನವಾಗಿ ಹೊರಗೆ ಬರುವ ಸೀನು. ನಾನು ನೆಲದ ಮೇಲೆ ಕಾಲೆಳೆಯುತ್ತ ಬರುತ್ತಿದ್ದೇನೆ, ಕಿರಣ ಉಸಿರು ಬಿಗಿಹಿಡಿದು ಶೂಟ್ ಮಾಡುತ್ತಿದ್ದಾನೆ. ಆ ಕಡೆಯಿಂದ ಸಣ್ಣಮ್ಮ ಬಂದಳು. ನಮ್ಮ ಹೊಲಕ್ಕೆ ಸೊಪ್ಪು ಮುರಿಯಲು, ಕಟ್ಟಲು ಬರುವ ಹೆಂಗಸರ ಮುಂದಾಳು ಅವಳು. ನನ್ನ ಮುಖಕ್ಕೆ ಮುಖ ಕೊಟ್ಟು ನಿಂತು ಕೇಳಿದಳು.

"ಭಾಗ್ಯಾ, ನನ್ ಮಗಳ್ ರವಿಕೆ ಎಲ್ಲಿಗ್ ಬಂತೆ? ಶುಕ್ರವಾರ ಬೇಕು ಅಂದಿದ್ದೆ."

ನಾನು ಪಾತ್ರ ಬಿಡದೆ ಕಣ್ಣು ಗುಡ್ಡೆ ಮೇಲೆ ಮಾಡಿ ಗುರುಗುಟ್ಟಿದೆ. "ಕೋಪ ಮಾಡ್ಕೊಂಡ್ರೆ ಎಂಗೆ? ಬಟ್ಟೆ ಕೊಟ್ಟು ಎಷ್ಟ್ ದಿನ ಆಯ್ತು!" ಅಂದಳು. ಹಿಂದೆ ಬೇಲಿ ಮೇಲೆ ಕೂತಿದ್ದ ಮಕ್ಕಳೆಲ್ಲ ಬಿದ್ದು ಬಿದ್ದು ನಕ್ಕವು. ಊರಿನ ಹೆಂಗಸರ ಅಳತೆಯೆಲ್ಲ ಗೊತ್ತಿರುವ ಟೈಲರನ್ನು ಕಂಡು ಯಾರು ತಾನೇ ಹೆದರುತ್ತಾರೆ? ಅವತ್ತು ಸಂಜೆ ಮುಖ ತೊಳೆಯುವಾಗ ನಿಜವಾಗಿ ಅಳು ಬಂದಿತ್ತು. ಮನೆಯೊಳಗೆ ಅತ್ತೆಯ ಮಾತು ನಿಂತಿದೆ, ಹೊರಗೆ ಊರು ನಗುತ್ತಿದೆ, ಇದೆಲ್ಲ ಯಾತಕ್ಕೆ ಅಂತ.

ಶ್ರಾವಣ ಕಳೆಯುವ ಹೊತ್ತಿಗೆ ಎಲ್ಲ ಮುಗಿದು ಸಾವಿನ ಸೀನೊಂದು ಉಳಿಯಿತು. ಹಿಂದಿನ ಸಂಜೆ ನಾನು ಕೊಟ್ಟಿಗೆಗೆ ಹೋದೆ. ಅತ್ತೆ ಹಾಲು ಕರೆಯುತ್ತಿದ್ದರು.

"ಅತ್ತೆ, ನಾಳೆ ಆ ಸೀನು. ನೀವು ಬ್ಯಾಡ ಅಂದ್ರೆ ಬುಟ್ಬುಡ್ತೀನಿ. ನಿಜವಾಗ್ಲೂ."

ಅವರು ಹಾಲು ಕರೆಯುವುದನ್ನು ನಿಲ್ಲಿಸಲಿಲ್ಲ. ಹಸುವಿಗೆ ಹೇಳಿದರು: "ಕಾಲು ಸರಿಯಾಗ್ ಮಡಗು. ಎಲ್ಲಾ ಅವರವರ ಇಷ್ಟ." ಅದು ಬೇಡ ಅಂತಲೋ ಬೇಕು ಅಂತಲೋ ನನಗೆ ತಿಳಿಯಲಿಲ್ಲ. ಕಿರಣನಿಗೆ ಮಾತು ಕೊಟ್ಟಾಗಿತ್ತು. ಹೋದೆ.

ಬ್ಯಾರನ್ ಮುಂದಿನ ಅಂಗಳದಲ್ಲಿ ಚಾಪೆ ಹಾಸಿ ನನ್ನನ್ನು ಮಲಗಿಸಿದರು. ಹಸಿರು ಸೀರೆ, ಹಸಿರು ಬಳೆ, ಕಾಸಗಲ ಕುಂಕುಮ, ತಲೆ ತುಂಬ ಕನಕಾಂಬರ. ತಲೆದೆಸೆಯಲ್ಲಿ ದೀಪ, ತೆಂಗಿನಕಾಯಿ. ಸೊಪ್ಪು ಕಟ್ಟುವ ಹೆಂಗಸರನ್ನೇ ಅಳುವುದಕ್ಕೆ ಸುತ್ತ ಕೂರಿಸಿದ್ದ ಕಿರಣ. ಕ್ಯಾಮೆರಾ ಶುರುವಾಯಿತು. ಯಾರೂ ಅಳಲಿಲ್ಲ.

"ಅಳ್ರಮ್ಮ. ಕಾಮಾಕ್ಷಿ ಸತ್ತೋಗಿದಾಳೆ. ಕಾಮಾಕ್ಷಿ ಅಂತ ಕೂಗಿ ಅಳ್ರಿ."

ಕಾಮಾಕ್ಷಿ ಅಂದರೆ ಸಿನಿಮಾದಲ್ಲಿ ನನ್ನ ಹೆಸರು. ಸಣ್ಣಮ್ಮ ಹೇಳಿದಳು.

"ಯಾವ್ ಕಾಮಾಕ್ಷಿ ಕಣಪ್ಪ? ಅವಳ ತವರು ಯಾವೂರು, ಮಕ್ಳೆಷ್ಟು, ಏನ್ ಕಷ್ಟ ಬಿದ್ದಿದ್ಲು, ಒಂದೂ ಗೊತ್ತಿಲ್ದೆ ಏನಂತ ಅಳೋದು? ನಮಗ್ ಬರಕಿಲ್ಲ."

ಅವಳು ಹೇಳಿದ್ದು ಸರಿ. ನಮ್ಮ ಕಡೆ ಅಳುವುದೆಂದರೆ ಬರೀ ಕಣ್ಣೀರು ಹಾಕುವುದಲ್ಲ. ಸತ್ತವರ ಹೆಸರು ಹಿಡಿದು, ಅವರು ಮಾಡಿದ್ದು, ಪಟ್ಟಿದ್ದು, ಅರ್ಧಕ್ಕೆ ಬಿಟ್ಟಿದ್ದು ಎಲ್ಲವನ್ನೂ ರಾಗ ಎಳೆದು ಹೇಳಿ ಹೇಳಿ ಅಳಬೇಕು. ಗುರುತಿಲ್ಲದವಳಿಗೆ ಅಳುವುದು ಸುಳ್ಳು ಸಾಕ್ಷಿ ಹೇಳಿದ ಹಾಗೆ. ಕಿರಣ ಸೋತು ಕೈಮುಗಿದ.

"ಆಯ್ತಮ್ಮ, ಭಾಗ್ಯಕ್ಕ ಅಂತಲೇ ಅಳ್ರಿ. ಆಮೇಲೆ ನಾನು ಸೌಂಡಲ್ಲಿ ಏನಾದ್ರೂ ಮಾಡ್ಕೋತೀನಿ."

ಅಷ್ಟು ಅಂದಿದ್ದೇ ತಡ, ಸಣ್ಣಮ್ಮ ಶುರುಮಾಡಿದಳು. "ಓ ನನ್ನವ್ವ ಭಾಗ್ಯಾ... ನನ್ ಮಗಳ್ ರವಿಕೆ ಅರ್ಧಕ್ಕೇ ಬುಟ್ಟು ಓದ್ಯಲ್ಲೇ..." ನನಗೆ ನಗು ತಡೆಯಲಾಗದೆ ಒಳಗಿಂದ ಕೆನ್ನೆ ಕಚ್ಚಿಕೊಂಡೆ. ಆದರೆ ಒಬ್ಬಳು ಎತ್ತಿಕೊಟ್ಟಮೇಲೆ ಉಳಿದವರು ಸುಮ್ಮನಿರಲಾರರು. "ಊರೋರ್ ಬಟ್ಟೆನೆಲ್ಲಾ ಒಲ್ದೆ, ನಿನ್ ರವಿಕೆ ಹುಕ್ಕು ಕಿತ್ತೋಗಿದ್ರೆ ಪಿನ್ನು ಚುಚ್ಕೊಂಡು ತಿರುಗ್ತಿದ್ಯಲ್ಲೇ..." "ನನ್ ಸೊಸೆ ಬಾಣಂತನಕ್ಕೆ ಅಳೇ ಸೀರೆ ತಂದು ಕೊಟ್ಟು, ಯಾರ್ಗೂ ಏಳ್ಬ್ಯಾಡಿ ಅಂದಿದ್ಯಲ್ಲೇ..." ನನಗೆ ಮರೆತೇ ಹೋಗಿದ್ದನ್ನೆಲ್ಲ ಅವರು ನೆನಪಿಟ್ಟುಕೊಂಡಿದ್ದರು. ಕಣ್ಣು ಮುಚ್ಚಿಕೊಂಡು ಮಲಗಿ ಕೇಳುತ್ತಿದ್ದವಳಿಗೆ ಇವರು ಆಟ ಆಡುತ್ತಿದ್ದಾರೋ ನಿಜವಾಗಿ ಅಳುತ್ತಿದ್ದಾರೋ ಗೊತ್ತಾಗದೆ ಹೋಯಿತು. ಪ್ರಾಯಶಃ ಅವರಿಗೂ ಗೊತ್ತಿರಲಿಲ್ಲ.

ಆಗ ಹೆಂಗಸರ ಹಿಂದಿನಿಂದ ಬಿರುಸಾಗಿ ಬರುವ ಹೆಜ್ಜೆ ಕೇಳಿಸಿತು. "ಸಾಕ್ ಮಾಡ್ರವ್ವ, ಏನ್ ಚಂದ ಅಂತ..." ಅಂತ ಬೈಯುತ್ತ ಬರುತ್ತಿದ್ದ ದನಿ ನನ್ನ ಹತ್ತಿರ ಬಂದದ್ದೇ ಅರ್ಧಕ್ಕೆ ನಿಂತಿತು. ಅತ್ತೆ. ನನ್ನನ್ನು ರಟ್ಟೆ ಹಿಡಿದು ಎಬ್ಬಿಸಿಕೊಂಡು ಹೋಗಲು ಬಂದಿದ್ದವರು ಅಂತ ಆಮೇಲೆ ತಿಳಿಯಿತು. ಮುಂದೆ ಚಾಪೆ ಮೇಲೆ ಯಾರನ್ನು ಕಂಡರೋ. ದೊಪ್ಪನೆ ಕೂತರು. ಅವರ ಒರಟು ಅಂಗೈ ನನ್ನ ಹಣೆ ಮೇಲೆ ಬಿತ್ತು.

"ಓ ನನ್ನವ್ವ... ಇನ್ನೊಂದ್ಸಾರಿ ಇದೇ ಸೀರೆಲಿ ಮಲಗ್ಬುಟ್ಯಾ... ಜಯಾ ಅಂತ ಅಳ್ಲಾ, ಭಾಗ್ಯಾ ಅಂತ ಅಳ್ಲಾ... ಒಬ್ಬಳು ಓದ್ಮೇಲೆ ದ್ಯಾವ್ರು ಇನ್ನೊಬ್ಬಳ್ನ ಕೊಟ್ಟ ಅಂತ ಅಂದ್ಕೊಂಡಿದ್ದೆ, ನಿಂಗೆ ಒಂದಿನಾನೂ ಬಾಯ್ಬುಟ್ಟು ಏಳ್ನಿಲ್ವಲ್ಲೇ... ನನ್ ತಲೆ ಬಾಚಿ, ನನ್ ಕಾಲಿಗೆ ಎಣ್ಣೆ ಅಚ್ಚಿ... ನಾ ಓಗೋ ದಾರೀಲಿ ನೀವ್ಯಾಕ್ರೇ ಮುಂದ್ ಮುಂದ್ ಓಯ್ತೀರಿ... ಏಳೇ. ಏಳೇ ನನ್ನವ್ವ, ಏಳು..."

ಸತ್ತವರಿಗೆ ಏಳು ಏಳು ಅನ್ನುವುದು ನಮ್ಮ ಕಡೆಯ ಅಳುವಿನ ವಾಡಿಕೆ. ಯಾರೂ ಎದ್ದ ದಾಖಲೆ ಇಲ್ಲ. ಆದರೆ ಆ ಮಳೆಗಾಲವೆಲ್ಲ ಹಸುವಿನ ಮೂಲಕ ಮಾತಾಡಿದ್ದ ನಮ್ಮತ್ತೆ ನೇರವಾಗಿ ನನಗೇ ಹೇಳಿದ ಮೊದಲ ಮಾತು ಅದು. ಮುಚ್ಚಿದ್ದ ಕಣ್ಣಿನಿಂದ ನೀರು ಕಿವಿಗೆ ಇಳಿಯುತ್ತಿತ್ತು. ನಾನು ಕ್ಯಾಮೆರಾ ಮರೆತೆ, ಕಾಮಾಕ್ಷಿಯನ್ನು ಮರೆತೆ. ಎದ್ದು ಕೂತೆ.

ಅಳುತ್ತ ಅಳುತ್ತ ಎಲ್ಲರೂ ಎಲ್ಲಿಗೆ ಹೋಗಿದ್ದರೋ, ನಾನು ಏಳುವುದನ್ನು ಕಂಡು ಸಣ್ಣಮ್ಮ ಕಿಟಾರನೆ ಕಿರುಚಿಕೊಂಡಳು. ಆಮೇಲೆ ನೋಡಬೇಕಿತ್ತು. ಸೊಪ್ಪು ಕಟ್ಟುವ ಹೆಂಗಸರೆಲ್ಲ ಬಿದ್ದೆನೋ ಕೆಟ್ಟೆನೋ ಅಂತ ಓಟ. ಬೇಲಿ ಮೇಲಿದ್ದ ಮಕ್ಕಳು ಆ ಕಡೆಗೆ ಉರುಳಿದರು. ನಮ್ಮೆಜಮಾನರು ಸೌದೆ ಒಟ್ಟಿನ ಹಿಂದೆ. ಕತೆ ಬರೆದ ಕಿರಣನೇ ಕ್ಯಾಮೆರಾವನ್ನು ಸ್ಟ್ಯಾಂಡಿನ ಮೇಲೆ ಹಾಗೇ ಬಿಟ್ಟು ನಾಲ್ಕು ಹೆಜ್ಜೆ ಹಿಂದಕ್ಕೆ ಹಾರಿದ್ದ. ನನ್ನನ್ನು ಕಂಡು ಜನ ಹೆದರಬೇಕು ಅಂತ ಆಸೆಪಟ್ಟಿದ್ದವಳಿಗೆ ಅದನ್ನು ನೋಡಿ ಸುಖಪಡುವ ಪುರಸೊತ್ತೂ ಇರಲಿಲ್ಲ.

ಅತ್ತೆ ಮಾತ್ರ ಕೂತಲ್ಲಿಂದ ಕದಲಲಿಲ್ಲ. ನನ್ನ ಮುಖವನ್ನು ಎರಡೂ ಕೈಯಲ್ಲಿ ಹಿಡಿದು ನೋಡಿದರು. ಮೊದಲು ಬೆನ್ನಿಗೆ ಒಂದು ಬಲವಾಗಿ ಬಾರಿಸಿದರು. ಆಮೇಲೆ ತಬ್ಬಿಕೊಂಡರು. ನಾವಿಬ್ಬರೂ ಜಯಳಿಗಾಗಿ ಒಟ್ಟಿಗೆ ಅತ್ತಿದ್ದು ಅವತ್ತೇ ಮೊದಲು. ನಿಂತುಹೋಗಿದ್ದ ಮಳೆ ಮತ್ತೆ ಹನಿಯಲು ಶುರುವಾದಮೇಲೆ ಅತ್ತೆ ಎದ್ದು ಸೆರಗಿನಲ್ಲಿ ಮೂಗು ಒರೆಸಿಕೊಂಡರು.

"ನಡಿ. ಇತ್ತಲ ಕಡೆಯಿಂದ ಬಾ, ತಲೆಗೆ ನೀರ್ ಉಯ್ತೀನಿ. ಅಂಗೇ ಒಳೀಕ್ ಬರ್ಬ್ಯಾಡ."

ಬಿಸಿನೀರು ಹುಯ್ದರು, ಸೀಗೆಪುಡಿ ಹಾಕಿ ತಿಕ್ಕಿದರು. ಬಿಸಿಬಿಸಿ ಮುದ್ದೆ, ಅವರೆಕಾಳು ಸಾರು. ಒಂದು ಮುದ್ದೆ ಆದಮೇಲೆ ಕೇಳದೆ ಇನ್ನೊಂದು ಇಟ್ಟರು.

ಸಿನಿಮಾ ಬಂದಾಗ ಎಲ್ಲರೂ ಮಾತಾಡಿದ್ದು ಆ ಸೀನಿನ ಬಗ್ಗೆ. ಹೆಣ ಏಳುವುದು, ಜನ ಚೆಲ್ಲಾಪಿಲ್ಲಿಯಾಗುವುದು, ಒಬ್ಬ ಮುದುಕಿ ಮಾತ್ರ ಓಡದೆ ದೆವ್ವದ ಬೆನ್ನಿಗೆ ಬಾರಿಸಿ ತಬ್ಬಿಕೊಳ್ಳುವುದು. ಕಿರಣ ಒಂದನ್ನೂ ಕತ್ತರಿಸಿರಲಿಲ್ಲ. ಆ ಅಜ್ಜಿ ಯಾವ ನಾಟಕ ಕಂಪನಿಯವರು ಅಂತ ಯಾರೋ ಕೆಳಗೆ ಬರೆದಿದ್ದರು. ಓದಿ ಹೇಳಿದೆ. "ಕಂಪನಿ ಅಂತೆ, ಕಂಪನಿ" ಅಂದರು ಅತ್ತೆ. ಅವತ್ತು ಬಾಗಿಲಿಗೆ ಬಂದವರಿಗೆಲ್ಲ ಅದನ್ನೇ ಹೇಳಿದರು.

ದಸರಾ ಕಳೆದು, ಕೊನೆಯ ಬ್ಯಾರನ್ ಇಳಿಸಿ, ಸೊಪ್ಪು ಹದಕ್ಕೆ ಬಿಟ್ಟು ಮಾರಾಟಕ್ಕೆ ಬೇಲ್ ಕಟ್ಟುವ ಹೊತ್ತಿಗೆ ಕಿರಣ ಮತ್ತೆ ಬಂದ. ಹೊಸ ಕತೆಯಂತೆ. ಈ ಸಲ ನನ್ನನ್ನು ಕೇಳದೆ ಸೀದಾ ಅತ್ತೆಯ ಮುಂದೆ ಹೋಗಿ ಕೂತ.

"ಅಜ್ಜಿ, ಭಾಗ್ಯಕ್ಕನ್ನ ಇನ್ನೊಂದು ಸಿನಿಮಾಕ್ಕೆ ಕಳಿಸ್ಕೊಡ್ತೀರಾ? ದೆವ್ವದ್ದೇ."

"ಆಗ್ಲಿ ಬುಡಪ್ಪ. ದೆವ್ವ ಆಗ್ತೀನಿ ಅಂದ್ರೆ ನಾನ್ಯಾಕೆ ಬ್ಯಾಡ ಅನ್ಲಿ? ಆದ್ರೆ ಸಾಯ್ಬಾರ್ದು."

"ಸಾಯ್ದೆ ದೆವ್ವ ಹೆಂಗಾಗ್ತಾರಜ್ಜಿ?"

"ಅದ್ ನಿನ್ ಕೆಲ್ಸ ಕಣಪ್ಪ. ಕತೆ ಬರ್ಯೋನು ನೀನಾ ನಾನಾ?"

ಆಮೇಲೆ ಅವನ ಸುಮಾರು ಸಿನಿಮಾಗಳಲ್ಲಿ ಮಾಡಿದೆ. ಎಚ್.ಡಿ. ಕೋಟೆ ಕಡೆಯ ಪಾಳುಮನೆಯಲ್ಲಿ, ಕೊಪ್ಪದ ಹಿಂದಿನ ಜೋಳದ ಹೊಲದಲ್ಲಿ, ಎಲ್ಲ ಕಡೆ ಮೊದಲ ಸೀನಿನಿಂದಲೇ ನಾನು ದೆವ್ವ. ಈ ಹೆಂಗಸು ಸತ್ತಿದ್ದು ಹೇಗೆ ಅಂತ ಯಾಕೆ ತೋರಿಸುವುದಿಲ್ಲ ಎಂದು ನೋಡುವವರು ಈಗಲೂ ಬರೆದು ಕೇಳುತ್ತಾರೆ. ನಮ್ಮತ್ತೆ ಇರುವ ತನಕ ನಾನು ಸಿನಿಮಾದಲ್ಲೂ ಸಾಯುವ ಹಾಗಿಲ್ಲ.